ಚಾಕೊಲೇಟ್ ಬಾರ್ಕ್ ಕೆಟ್ಟಾಗ ಮೊದಲು ಕೇಳಬೇಕಾದದ್ದು: ನೀರೋ, ಬಿಸಿಯೋ?

ಕರಗಿಸಿದ ಚಾಕೊಲೇಟನ್ನು ಬಟರ್ ಪೇಪರಿನ ಮೇಲೆ ತೆಳುವಾಗಿ ಹರಡಿ, ಒಣಹಣ್ಣು ಮತ್ತು ಹುರಿದ ಬೀಜಗಳನ್ನು ಉದುರಿಸಿ, ಗಟ್ಟಿಯಾದ ಮೇಲೆ ಕೈಯಿಂದಲೇ ಅಡ್ಡಾದಿಡ್ಡಿ ಮುರಿದ ತುಂಡುಗಳಿಗೆ ಬಾರ್ಕ್ ಎನ್ನುತ್ತಾರೆ. ಮರದ ತೊಗಟೆಯಂತೆ ಒರಟಾಗಿ ಕಾಣುವುದರಿಂದ ಆ ಹೆಸರು. ಮಾಡುವ ವಿಧಾನವನ್ನು ಮೂರು ಸಾಲಿನಲ್ಲಿ ಬರೆದು ಮುಗಿಸಬಹುದು. ಆದರೆ ಬೇಸಿಗೆಯ ಮಧ್ಯಾಹ್ನ 36-38 ಡಿಗ್ರಿ ಸೆಲ್ಸಿಯಸ್ ಮುಟ್ಟುವ ದಾವಣಗೆರೆಯಂಥ ಊರಿನಲ್ಲಿ ಆ ಮೂರು ಸಾಲನ್ನು ಚಾಚೂ ತಪ್ಪದೆ ಪಾಲಿಸಿದವರ ತಟ್ಟೆಯೂ ಕೆಡುತ್ತದೆ, ಕೆಟ್ಟದ್ದೇಕೆ ಎಂಬುದು ಮಾತ್ರ ತಿಳಿಯುವುದಿಲ್ಲ. ಇದು ಪಾಕವಿಧಾನವಲ್ಲ, ಕೆಟ್ಟ ತಟ್ಟೆಯನ್ನು ಮುಂದಿಟ್ಟುಕೊಂಡು ಕಾರಣ ಹುಡುಕುತ್ತಿರುವವರಿಗಾಗಿ ಬರೆದದ್ದು.

ಬಾರ್ಕಿನ ಬಹುಪಾಲು ದೋಷಗಳ ಬೇರು ಎರಡೇ, ನೀರು ಮತ್ತು ಬಿಸಿ. ಯಾವುದೆಂದು ಗೊತ್ತಾಗುವ ಮುನ್ನ ಪರಿಹಾರಕ್ಕೆ ಕೈ ಹಾಕಬಾರದು, ಏಕೆಂದರೆ ಒಂದಕ್ಕೆ ಮಾಡಿದ ಮದ್ದು ಇನ್ನೊಂದನ್ನು ತಂದಿಡುತ್ತದೆ. ಬಿಸಿಯಿಂದ ಮೆತ್ತಗಾದ ಬಾರ್ಕನ್ನು ಫ್ರಿಜ್ಜಿಗೆ ತಳ್ಳಿದರೆ ಗಟ್ಟಿಯಾಗುತ್ತದೆ ನಿಜ, ಹೊರತೆಗೆದ ಕೂಡಲೇ ಅದರ ಮೈಮೇಲೆ ನೀರು ಕೂರುತ್ತದೆ. ಆ ನೀರು ಆರಲೆಂದು ಕಿಟಕಿಯ ಬಿಸಿಲಿಗಿಟ್ಟರೆ ಮತ್ತೆ ಬಿಸಿಯ ದೋಷವೇ. ಒಂದೇ ತಟ್ಟೆ ಹೀಗೆ ಎರಡು ದಿನದಲ್ಲಿ ಮೂರು ಬಾರಿ ಕೆಟ್ಟದ್ದನ್ನು ನನ್ನ ಅಡುಗೆಮನೆಯಲ್ಲೇ ಕಂಡಿದ್ದೇನೆ.

ಪೊಟ್ಟಣದ ಚೀಟಿ ಮತ್ತು ಥರ್ಮಾಮೀಟರ್

ದೋಷ ಹುಡುಕುವ ಮೊದಲು ನೀವು ಕರಗಿಸಿದ್ದು ಯಾವ ಚಾಕೊಲೇಟ್ ಎಂಬುದನ್ನು ಪೊಟ್ಟಣದ ಹಿಂಬದಿಯ ಪದಾರ್ಥಗಳ ಪಟ್ಟಿಯಲ್ಲಿ ಓದಿ ಖಚಿತಪಡಿಸಿಕೊಳ್ಳಬೇಕು. ಕೊಬ್ಬಿನ ಜಾಗದಲ್ಲಿ ಕೋಕೋ ಬೆಣ್ಣೆ ಮಾತ್ರ ಇದ್ದರೆ ಅದು ಅಸಲಿ ಚಾಕೊಲೇಟ್. ಹೈಡ್ರೋಜನೀಕೃತ ಸಸ್ಯಜನ್ಯ ಕೊಬ್ಬು ಅಥವಾ ತಾಳೆ ಬೀಜದ ಕೊಬ್ಬು ಎಂದಿದ್ದರೆ ಅದು ಬೇಕರಿ ಸಾಮಾನಿನ ಅಂಗಡಿಗಳಲ್ಲಿ ಕಾಂಪೌಂಡ್ ಎಂದು ಕರೆಯುವ ಗಟ್ಟಿ. ಕಾಂಪೌಂಡನ್ನು ಕರಗಿಸಿ ಸುರಿದರೆ ಸಾಕು, ತಾನಾಗಿ ಗಟ್ಟಿಯಾಗುತ್ತದೆ. ಅಸಲಿಯನ್ನು ಹದಗೊಳಿಸದಿದ್ದರೆ, ಅಂದರೆ ಕರಗಿಸಿದ ಮೇಲೆ ಗೊತ್ತಾದ ಬಿಸಿಗೆ ಇಳಿಸಿ ಕೊಬ್ಬಿನ ಹರಳುಗಳನ್ನು ಸರಿಯಾಗಿ ಕೂಡಿಸದಿದ್ದರೆ, ಕೆಡುತ್ತದೆ. ಕಾಂಪೌಂಡಿನ ರುಚಿ ನನಗೆ ಹಿಡಿಸುವುದಿಲ್ಲ, ನಾಲಗೆಯ ಮೇಲೆ ಮೇಣದಂತೆ ಉಳಿಯುತ್ತದೆ. ಆದರೂ ಏಪ್ರಿಲ್ ತಿಂಗಳಲ್ಲಿ ದೂರದ ಊರಿಗೆ ಕಳುಹಿಸಬೇಕಾದಾಗ ಅದನ್ನೇ ಬಳಸುವವರನ್ನು ತಪ್ಪೆನ್ನಲಾರೆ.

ತಪ್ಪಾಗುವುದು ಎರಡನ್ನೂ ಬೆರೆಸಿದಾಗ. ಅಸಲಿ ದುಬಾರಿಯೆಂದು ಅರ್ಧಕ್ಕರ್ಧ ಕಾಂಪೌಂಡ್ ಸೇರಿಸಿದರೆ ಎರಡು ಕೊಬ್ಬುಗಳೂ ಒಂದಕ್ಕೊಂದು ಹೊಂದಿಕೊಳ್ಳದೆ, ಬೇರೆ ಬೇರೆಯಾಗಿದ್ದಾಗ ಎಷ್ಟು ಗಟ್ಟಿಯಾಗುತ್ತಿದ್ದವೋ ಅಷ್ಟೂ ಆಗದೆ, ಮೆತ್ತಗೆ ಉಳಿದು ಕೆಲವೇ ದಿನಗಳಲ್ಲಿ ಮೇಲೆ ಬೂದು ಬಣ್ಣಕ್ಕೆ ತಿರುಗುತ್ತವೆ. ಈ ದೋಷಕ್ಕೆ ಯಾವ ಹದವೂ ಮದ್ದಲ್ಲ. ಚೀಟಿಯಲ್ಲಿ ಬೆರಕೆ ಕಂಡರೆ ಅಥವಾ ಬೆರಕೆ ನಿಮ್ಮ ಕೈಯಿಂದಲೇ ಆಗಿದ್ದರೆ ಮುಂದಿನ ಪರೀಕ್ಷೆಗಳನ್ನು ಬಿಟ್ಟು, ಆ ಗಟ್ಟಿಯನ್ನು ಬಿಸಿ ಹಾಲಿಗೋ ಕೇಕಿಗೋ ಬಳಸಿ ಮುಗಿಸುವುದೇ ಸರಿ.

ಇನ್ನೊಂದು ಸಂಶಯ ಥರ್ಮಾಮೀಟರ್ ಕುರಿತದ್ದು. ಜ್ವರ ನೋಡುವ ಥರ್ಮಾಮೀಟರ್ ಈ ಕೆಲಸಕ್ಕೆ ಬಾರದು, ಅದರ ಅಳತೆ ಸುಮಾರು 35ರಿಂದ 42 ಡಿಗ್ರಿಯೊಳಗಿನದು. ಕಡ್ಡಿಯಂತಹ ಡಿಜಿಟಲ್ ಅಡುಗೆ ಥರ್ಮಾಮೀಟರ್ ಬೇಕು, ಅದನ್ನೂ ಒಮ್ಮೆ ಪರೀಕ್ಷಿಸಬೇಕು. ಕುದಿಯುವ ನೀರಿನಲ್ಲಿ ಅದ್ದಿದಾಗ ಅದು 98 ತೋರಿಸಿತೆಂದು ಅಂಗಡಿಗೆ ಹಿಂದಿರುಗಿಸಲು ಹೊರಟವರೊಬ್ಬರನ್ನು ನಾನೇ ತಡೆದಿದ್ದೇನೆ. ನಮ್ಮ ಊರು ಸಮುದ್ರಮಟ್ಟದಿಂದ ಸುಮಾರು 600 ಮೀಟರ್ ಎತ್ತರದಲ್ಲಿರುವುದರಿಂದ ಇಲ್ಲಿ ನೀರು 98 ಡಿಗ್ರಿಯಲ್ಲೇ ಕುದಿಯುತ್ತದೆ, ಚಿತ್ರದುರ್ಗದಲ್ಲಿ ಇನ್ನೂ ಸ್ವಲ್ಪ ಮೊದಲೇ. ಪುಡಿ ಮಾಡಿದ ಮಂಜುಗಡ್ಡೆಗೆ ಸ್ವಲ್ಪ ನೀರು ಬೆರೆಸಿ ಅದ್ದಿದಾಗ 0 ತೋರಿಸಿದರೆ ಥರ್ಮಾಮೀಟರ್ ಸರಿಯಿದೆ. ಚಾಕೊಲೇಟಿನ ಹದ ಎರಡು ಡಿಗ್ರಿಯ ಅಂತರದಲ್ಲಿ ನಿಂತಿರುವುದರಿಂದ ಈ ಪರೀಕ್ಷೆಯನ್ನು ಉಪೇಕ್ಷಿಸುವಂತಿಲ್ಲ.

ಮೇಲೆ ಬಿಳಿ ಪೊರೆ ಬಂದಿದ್ದರೆ

ಒಂದು ಮೇ ತಿಂಗಳ ಸಂಜೆ ನಮ್ಮ ಓಣಿಯ ಹುಡುಗಿಯೊಬ್ಬಳು ಸ್ಟೀಲ್ ಡಬ್ಬಿ ಹಿಡಿದುಕೊಂಡು ಬಂದಳು. "ಅಕ್ಕಾ, ಬೂಷ್ಟು ಹಿಡಿದೈತೆ ನೋಡ್ರಿ. ಎಸೆದುಬಿಡ್ಲಾ?" ಎಂದಳು. ಡಬ್ಬಿಯಲ್ಲಿ ಅಂಜೂರ ಮತ್ತು ಶೇಂಗಾ ಹಾಕಿದ ಡಾರ್ಕ್ ಚಾಕೊಲೇಟ್ ಬಾರ್ಕಿತ್ತು, ಮಾಡಿ ಎಂಟು ದಿನವಾಗಿತ್ತು. ಬೂಷ್ಟಾಗಿದ್ದರೆ ಹತ್ತಿಯಂಥ ಎಳೆಗಳು ಕಾಣಬೇಕು, ಕಮ್ಮಗಿನ ವಾಸನೆ ಹೋಗಿ ಮುಗ್ಗಲು ವಾಸನೆ ಬರಬೇಕು, ಎರಡೂ ಇರಲಿಲ್ಲ. ಚಾಕೊಲೇಟಿನಲ್ಲಿ ನೀರಿನ ಅಂಶ ಶೇಕಡಾ 1ರ ಆಸುಪಾಸಿನಲ್ಲಷ್ಟೇ ಇರುವುದರಿಂದ ಅದರ ಮೇಲೆ ಬೂಷ್ಟು ಬೆಳೆಯುವುದು ಅಪರೂಪ. ಹಸಿಯಾದ ಹಣ್ಣಿನ ಮೇಲೆ ಬೆಳೆಯಬಹುದು, ಹಾಗೆ ಬೆಳೆದಿದ್ದರೆ ಯಾವ ಲೆಕ್ಕಾಚಾರವೂ ಬೇಡ, ಎಸೆಯಬೇಕು.

ಒಂದು ತುಂಡನ್ನು ಕಿಟಕಿಯ ಬೆಳಕಿಗೆ ಹಿಡಿದು ನೋಡಿದೆ. ಬಿಳುಪು ಎಲ್ಲ ಕಡೆ ಒಂದೇ ಬಗೆಯಾಗಿರಲಿಲ್ಲ. ಅಂಜೂರದ ಪ್ರತಿ ಚೂರಿನ ಸುತ್ತ ಒಂದು ಉಂಗುರದಂತೆ ಒರಟಾದ ಬಿಳಿ ಅಂಚಿತ್ತು, ಶೇಂಗಾದ ಸುತ್ತ ನಯವಾದ ಬೂದು ಮಬ್ಬಿತ್ತು, ಎರಡರ ನಡುವೆ ಚಾಕೊಲೇಟ್ ಬಹುಮಟ್ಟಿಗೆ ಶುಭ್ರವಾಗಿತ್ತು. ಶೇಂಗಾದ ಪಕ್ಕದ ಮಬ್ಬನ್ನು ಬೆರಳಿನಿಂದ ಹತ್ತು ಸೆಕೆಂಡು ಒತ್ತಿ ಉಜ್ಜಿದಾಗ ಅದು ಕರಗಿ ಮಾಯವಾಯಿತು. ಅಂಜೂರದ ಪಕ್ಕದ ಉಂಗುರ ಹಾಗೆ ಹೋಗಲಿಲ್ಲ, ಬೆರಳಿಗೆ ಸಣ್ಣ ರವೆಯಂತೆ ತಗುಲಿತು. ಆಮೇಲೆ ಎರಡೂ ಕಡೆ ಒಂದೊಂದು ಹನಿ ನೀರು ಬಿಟ್ಟೆವು. ಶೇಂಗಾದ ಬಳಿ ಹನಿ ಕೆಸುವಿನ ಎಲೆಯ ಮೇಲಿನಂತೆ ಗುಂಡಾಗಿ ನಿಂತಿತು, ಅಂಜೂರದ ಬಳಿ ಹರಡಿ ಬಿಳುಪನ್ನು ಕರಗಿಸಿಕೊಂಡಿತು. ಹೀಗೆ ಒಂದೇ ತುಂಡಿನಲ್ಲಿ ಎರಡು ದೋಷಗಳಿದ್ದವು, ಒಂದು ಕೊಬ್ಬಿನ ಪೊರೆ, ಇನ್ನೊಂದು ಸಕ್ಕರೆಯ ಪೊರೆ. ಬೆರಳು ಮತ್ತು ನೀರಿನ ಹನಿ, ಈ ಎರಡು ಪರೀಕ್ಷೆ ಬಿಳಿ ಪೊರೆಯ ಮಟ್ಟಿಗೆ ಸಾಕು.

ಸಕ್ಕರೆಯ ಪೊರೆ ನೀರಿನ ದೋಷ. ಚಾಕೊಲೇಟಿನ ಮೈಮೇಲೆ ಕುಳಿತ ತೇವ ಅದರೊಳಗಿನ ಸಕ್ಕರೆಯನ್ನು ಕರಗಿಸುತ್ತದೆ; ತೇವ ಆರಿದಾಗ ಸಕ್ಕರೆ ದೊಡ್ಡ ಹರಳುಗಳಾಗಿ ಮೇಲೆಯೇ ಉಳಿಯುತ್ತದೆ. ತೇವ ಬರುವ ದಾರಿಗಳು ಹಣ್ಣು, ಫ್ರಿಜ್ಜಿನಿಂದ ಹೊರತೆಗೆದಾಗ ಕೂರುವ ಇಬ್ಬನಿ, ಮತ್ತು ಜೂನ್‌ನಿಂದ ಅಕ್ಟೋಬರ್‌ವರೆಗಿನ ತೇವದ ಗಾಳಿ. ಪೊರೆ ಇಡೀ ತುಂಡಿನ ಮೇಲೆ ಸಮನಾಗಿ ಹರಡಿದ್ದರೆ ಇಬ್ಬನಿ ಕಾರಣ, ಹಣ್ಣಿನ ಸುತ್ತ ಮಾತ್ರ ಉಂಗುರವಾಗಿದ್ದರೆ ಹಣ್ಣೇ ಕಾರಣ. ಇಂಥ ಬಾರ್ಕನ್ನು ಮತ್ತೆ ಕರಗಿಸಿದರೂ ಸಕ್ಕರೆಯ ಹರಳುಗಳು ಕೊಬ್ಬಿನಲ್ಲಿ ಕರಗುವುದಿಲ್ಲ, ನಾಲಗೆಗೆ ಮರಳು ಮರಳಾಗಿ ಸಿಗುತ್ತವೆ. ಹಾಲಿಗೆ ಹಾಕುವುದೇ ಮೇಲು.

ಕೊಬ್ಬಿನ ಪೊರೆ ಬಿಸಿಯ ದೋಷ. ಕೋಕೋ ಬೆಣ್ಣೆ ಗಟ್ಟಿಯಾಗುವಾಗ ಆರು ಬಗೆಯ ಹರಳುಗಳಾಗಿ ಕೂಡಿಕೊಳ್ಳಬಲ್ಲದು, ಅವುಗಳಲ್ಲಿ ಐದನೆಯ ಬಗೆಯೊಂದೇ ನಮಗೆ ಬೇಕಾದ ಹೊಳಪನ್ನೂ ಟಕ್ಕನೆ ಮುರಿಯುವ ಗುಣವನ್ನೂ ಕೊಡುತ್ತದೆ. ಅದು ಕರಗುವುದು 33-34 ಡಿಗ್ರಿಯಲ್ಲಿ, ಅಂದರೆ ಬಾಯಿಯ ಬಿಸಿಗಿಂತ ಸ್ವಲ್ಪ ಕೆಳಗೆ. ಬಾಯಲ್ಲಿಟ್ಟರೆ ಕರಗುತ್ತದೆ ಎಂದು ನಾವು ಹೊಗಳುವುದು ಇದನ್ನೇ. ದಾವಣಗೆರೆಯ ಬೇಸಿಗೆ ಮಧ್ಯಾಹ್ನ ಅಡುಗೆಮನೆಯ ಕಪಾಟು ಕೂಡ ಆ ಅಂಕಿಯನ್ನು ದಾಟುತ್ತದೆ. ಬಾರ್ಕ್ ಕಣ್ಣಿಗೆ ಕಾಣುವಷ್ಟು ಕರಗಿರಬೇಕೆಂದೇನೂ ಇಲ್ಲ. ಒಳಗೆ ಸ್ವಲ್ಪ ಕೊಬ್ಬು ಕರಗಿ, ರಾತ್ರಿ ತಂಪಿನಲ್ಲಿ ಮತ್ತೆ ಹೆಪ್ಪುಗಟ್ಟಿ, ಮಾರನೆಯ ಮಧ್ಯಾಹ್ನ ಮತ್ತೆ ಕರಗುತ್ತಾ ನಾಲ್ಕು ದಿನ ಕಳೆದರೆ ಕೊಬ್ಬು ಮೇಲೆ ಬಂದು ಬೂದು ಪೊರೆಯಾಗುತ್ತದೆ. ರಾತ್ರಿ ಕರೆಂಟ್ ಹೋಗಿ ಫ್ರಿಜ್ ನಿಂತರೂ ಇದೇ ಆಗುತ್ತದೆ. ಶೇಂಗಾ, ಅಕ್ರೋಟುಗಳಂಥ ಎಣ್ಣೆ ಹೆಚ್ಚಿರುವ ಬೀಜಗಳು ತಮ್ಮ ಎಣ್ಣೆಯನ್ನು ಸುತ್ತಲಿನ ಚಾಕೊಲೇಟಿಗೆ ಬಿಟ್ಟುಕೊಡುವುದರಿಂದ ಅವುಗಳ ಪಕ್ಕದಲ್ಲಿ ಪೊರೆ ಬೇಗ ಬರುತ್ತದೆ. ತಿನ್ನಲು ಯಾವ ಅಪಾಯವೂ ಇಲ್ಲ. ಹಣ್ಣು ಬೀಜಗಳನ್ನು ಬೇರ್ಪಡಿಸಿ ಕರಗಿಸಿ, ಮೊದಲಿನಿಂದ ಹದಗೊಳಿಸಿದರೆ ಅದೇ ಚಾಕೊಲೇಟ್ ಮತ್ತೆ ಹೊಳೆಯುತ್ತದೆ.

ಮುರಿಯುವ ಬದಲು ಬಾಗುತ್ತಿದ್ದರೆ, ಮುಟ್ಟಿದರೆ ಕೈಗೆ ಮೆತ್ತುತ್ತಿದ್ದರೆ

ಹೆಚ್ಚು ಜನರನ್ನು ಸೋಲಿಸುವ ದೋಷ ಇದು. ಅಂಗಡಿಯಿಂದ ತಂದಾಗ ಟಕ್ಕೆಂದು ಮುರಿಯುತ್ತಿದ್ದ ಗಟ್ಟಿ ನಾವು ಕರಗಿಸಿ ಆರಿಸಿದ ಮೇಲೆ ತೊಗಲಿನಂತೆ ಬಾಗುತ್ತದೆ. ಕಾರಣ ಸರಳ: ಕರಗಿಸುವಾಗ ಕಾರ್ಖಾನೆಯವರು ಕೂಡಿಸಿಟ್ಟಿದ್ದ ಐದನೆಯ ಬಗೆಯ ಹರಳುಗಳೆಲ್ಲ ಅಳಿಸಿಹೋಗುತ್ತವೆ, ಮತ್ತೆ ಕೂಡಿಸುವ ಕೆಲಸವನ್ನು ನಾವು ಮಾಡಿಲ್ಲ.

ಮೊಸರಿಗೆ ಹೆಪ್ಪು ಹಾಕುವವರಿಗೆ ಈ ಕೆಲಸವನ್ನು ಹೆಚ್ಚು ವಿವರಿಸಬೇಕಾಗಿಲ್ಲ. 400 ಗ್ರಾಂ ಡಾರ್ಕ್ ಚಾಕೊಲೇಟಿದ್ದರೆ 300 ಗ್ರಾಂ ಮಾತ್ರ 45-48 ಡಿಗ್ರಿಗೆ ಕರಗಿಸಿ, ಉಳಿದ 100 ಗ್ರಾಂ ಸಣ್ಣಗೆ ಹೆಚ್ಚಿ ಸ್ವಲ್ಪಸ್ವಲ್ಪವಾಗಿ ಸೇರಿಸುತ್ತಾ, ಬಿಡದೆ ಕೈಯಾಡಿಸುತ್ತಾ, 31-32 ಡಿಗ್ರಿಗೆ ಇಳಿಸಬೇಕು. ಹಾಲಿನ ಚಾಕೊಲೇಟಾದರೆ 29-30ಕ್ಕೆ, ಬಿಳಿಯದಾದರೆ 28-29ಕ್ಕೆ. ಆ 100 ಗ್ರಾಮೇ ಹೆಪ್ಪು. ತೀರಾ ಬಿಸಿ ಹಾಲಿಗೆ ಹೆಪ್ಪು ಹಾಕಿದರೆ ಮೊಸರಾಗದಂತೆ, 34 ಡಿಗ್ರಿಗಿಂತ ಮೇಲೆ ಹೆಪ್ಪಿನ ಹರಳುಗಳು ಉಳಿಯುವುದಿಲ್ಲ. ಹಾಕಿದ ಚೂರುಗಳೆಲ್ಲ 36 ಡಿಗ್ರಿಯಲ್ಲೇ ಕರಗಿ ಮಾಯವಾಗಿದ್ದರೆ ಹೆಪ್ಪು ಸತ್ತಿತೆಂದೇ ಲೆಕ್ಕ, ಇನ್ನಷ್ಟು ಚೂರು ಸೇರಿಸಬೇಕು. ಹೆಪ್ಪಿಗೆ ಬಳಸುವ ಗಟ್ಟಿಯೂ ಸ್ವತಃ ಹೊಳಪಿನದಾಗಿರಬೇಕು. ಬೂದು ಪೊರೆ ಬಂದ ಹಳೆಯ ತುಂಡನ್ನು ಹೆಪ್ಪಾಗಿ ಬಳಸುವುದು ಕೆಟ್ಟ ಮೊಸರಿನಿಂದ ಒಳ್ಳೆಯ ಮೊಸರು ನಿರೀಕ್ಷಿಸಿದಂತೆ.

ಹದವನ್ನು ಪರೀಕ್ಷಿಸಲು ಚಾಕುವಿನ ತುದಿಯನ್ನು ಅದ್ದಿ ಇಡಬೇಕೆಂದೂ, ಮೂರರಿಂದ ಐದು ನಿಮಿಷದಲ್ಲಿ ಹೊಳಪಿನೊಂದಿಗೆ ಗಟ್ಟಿಯಾದರೆ ಸರಿಯೆಂದೂ ಎಲ್ಲ ಕಡೆ ಹೇಳುತ್ತಾರೆ. ಆ ಮಾತು 20-22 ಡಿಗ್ರಿಯ ಕೋಣೆಗೆ ಸಂಬಂಧಿಸಿದ್ದು. ನಮ್ಮ 30 ಡಿಗ್ರಿಯ ಅಡುಗೆಮನೆಯಲ್ಲಿ ಹದವಾದ ಚಾಕೊಲೇಟೂ ಹತ್ತು ನಿಮಿಷ ಮೆತ್ತಗೇ ಇರುತ್ತದೆ, ಹದ ತಪ್ಪಿತೆಂದು ತಿಳಿದು ಜನ ಮತ್ತೆ ಬಿಸಿ ಮಾಡುತ್ತಾರೆ, ಆಗ ನಿಜವಾಗಿಯೂ ತಪ್ಪುತ್ತದೆ. ನಾನು ಮಾಡುವುದು ಹೀಗೆ: ಬಟರ್ ಪೇಪರಿನ ಚೂರಿನ ಮೇಲೆ ತೆಳುವಾಗಿ ಸವರಿ ಫ್ರಿಜ್ಜಿನಲ್ಲಿ ಎರಡು ನಿಮಿಷ ಇಟ್ಟು ತೆಗೆಯುತ್ತೇನೆ. ಫ್ರಿಜ್ಜಿನಲ್ಲಿ ಎಲ್ಲವೂ ಗಟ್ಟಿಯಾಗುತ್ತದೆ, ಆದ್ದರಿಂದ ಗಟ್ಟಿಯಾದದ್ದು ಸಾಕ್ಷಿಯಲ್ಲ. ಹೊರಗೆ ಒಂದು ನಿಮಿಷ ಬಿಟ್ಟು ಬೆರಳ ತುದಿಯನ್ನು ಹಗುರವಾಗಿ ತಾಕಿಸಬೇಕು. ತಾಕಿದೊಡನೆ ಮೆತ್ತಿದರೆ ಹದವಾಗಿಲ್ಲ, ಬೆರಳು ಶುಭ್ರವಾಗಿ ಎದ್ದುಬಂದರೆ ಆಗಿದೆ.

ಇಲ್ಲಿ ಊರಿನ ಹವೆಯ ಮಾತು ಬರುತ್ತದೆ. ಕೋಣೆಯೇ 34 ಡಿಗ್ರಿ ಇದ್ದರೆ ಚಾಕೊಲೇಟ್ ತಾನಾಗಿ 31ಕ್ಕೆ ಇಳಿಯುವುದು ಸಾಧ್ಯವೇ ಇಲ್ಲ. ಎಷ್ಟು ಕೈಯಾಡಿಸಿದರೂ ಹೆಪ್ಪಿನ ಚೂರುಗಳು ಒಂದೊಂದಾಗಿ ಕರಗುತ್ತಾ ಹೋಗುತ್ತವೆ. ನಾನು ಮೊದಲ ಎರಡು ಬೇಸಿಗೆ ಇದನ್ನರಿಯದೆ ಕೈಸೋತಿದ್ದೆ, ಕೈ ಗುಣವೇ ಸರಿಯಿಲ್ಲವೆಂದುಕೊಂಡಿದ್ದೆ. ಈಗ ಮಾರ್ಚ್ ಕೊನೆಯಿಂದ ಮೇ ಮುಗಿಯುವವರೆಗೆ ಬೆಳಗಿನ ಐದು ಗಂಟೆಗೆ ಮಾತ್ರ ಚಾಕೊಲೇಟ್ ಮುಟ್ಟುತ್ತೇನೆ, ಆರೂವರೆಯೊಳಗೆ ತಟ್ಟೆಗೆ ಸುರಿದಾಗಿರುತ್ತದೆ. ಆಗಲೂ ಇಳಿಯದಿದ್ದರೆ ಮಣ್ಣಿನ ಮಡಕೆಯ ನೀರನ್ನು ಅಗಲವಾದ ಬೋಗುಣಿಗೆ ಹಾಕಿ, ಅದರಲ್ಲಿ ಚಾಕೊಲೇಟಿನ ಪಾತ್ರೆಯ ತಳ ಮಾತ್ರ ತಾಗುವಂತೆ ಅರ್ಧ ನಿಮಿಷ ಹಿಡಿದು ಕೈಯಾಡಿಸುತ್ತೇನೆ. ಐಸ್ ನೀರು ಬೇಡ, ಅದು ತಳದ ಚಾಕೊಲೇಟನ್ನು ಗಂಟುಗಟ್ಟಿಸುತ್ತದೆ. ಪಾತ್ರೆಯ ತಳವನ್ನು ಒಣ ಬಟ್ಟೆಯಿಂದ ಒರೆಸಿದ ಮೇಲೆಯೇ ಸುರಿಯಬೇಕು, ಇಲ್ಲವಾದರೆ ತಳದಿಂದ ಜಾರಿದ ಒಂದು ಹನಿ ಬಿಸಿಯ ದೋಷ ನೀಗಿಸಿ ನೀರಿನ ದೋಷ ತರುತ್ತದೆ. ಡಿಸೆಂಬರ್, ಜನವರಿಯಲ್ಲಿ ಈ ತಾಪತ್ರಯ ಯಾವುದೂ ಇಲ್ಲ. ಆಗಿನ ತೊಂದರೆ ಚಾಕೊಲೇಟ್ ಕೈಯಲ್ಲೇ ಬೇಗ ದಪ್ಪಗಾಗುವುದು, ಅದಕ್ಕೆ ಹೇರ್ ಡ್ರೈಯರಿನ ಬಿಸಿ ಗಾಳಿ ಐದಾರು ಸೆಕೆಂಡು ಸಾಕು.

ಹದವೆಲ್ಲ ಸರಿಯಿದ್ದು, ಅಂಚು ಹೊಳೆಯುತ್ತಾ ನಡುಭಾಗ ಮಾತ್ರ ಮಂಕಾಗಿದ್ದರೆ ಅದೂ ಬಿಸಿಯ ದೋಷವೇ, ಆದರೆ ಹೊರಗಿನ ಬಿಸಿಯಲ್ಲ. ಕೋಕೋ ಬೆಣ್ಣೆ ಹರಳುಗಟ್ಟುವಾಗ ತಾನೇ ಬಿಸಿಯನ್ನು ಹೊರಬಿಡುತ್ತದೆ. ಪದರ ದಪ್ಪವಾಗಿದ್ದರೆ ನಡುವಿನ ಬಿಸಿಗೆ ಹೋಗಲು ದಾರಿಯಿಲ್ಲದೆ ಅಲ್ಲಿನ ಹದ ಕೆಡುತ್ತದೆ. 400 ಗ್ರಾಮನ್ನು 25 ಸೆಂಟಿಮೀಟರ್ ಉದ್ದಗಲದ ಚೌಕಕ್ಕೆ ಹರಡಿದರೆ ಸುಮಾರು 5 ಮಿಲಿಮೀಟರ್ ದಪ್ಪ ಬರುತ್ತದೆ, ಅದಕ್ಕಿಂತ ದಪ್ಪ ಬೇಡ. ಅಡುಗೆಮನೆಯಲ್ಲಿ ಕಡಪ ಕಲ್ಲಿನ ಕಟ್ಟೆಯಿದ್ದರೆ ಬಟರ್ ಪೇಪರನ್ನು ನೇರವಾಗಿ ಅದರ ಮೇಲೆಯೇ ಹಾಸುವುದು ಒಳ್ಳೆಯದು, ಕಲ್ಲು ಬಿಸಿಯನ್ನು ಎಳೆದುಕೊಳ್ಳುತ್ತದೆ. ಬೇಸಿಗೆಯಲ್ಲಿ ಸುರಿಯುವುದು ಟ್ರೇಗೇ. ಅಂಚಿನ ಹಸಿ ಹೊಳಪು ಕುಂದಿ ಗಟ್ಟಿಯಾಗಲು ಶುರುವಾದೊಡನೆ ಅದನ್ನು ಫ್ರಿಜ್ಜಿನ ಕೆಳಗಿನ ಅಂಕಣದಲ್ಲಿ ಹತ್ತು ನಿಮಿಷ ಮಾತ್ರ ಇಟ್ಟು ತೆಗೆಯಬೇಕು. ತೆರೆದ ಟ್ರೇಗೆ ಫ್ರಿಜ್ಜನ್ನು ನಾನು ಒಪ್ಪುವುದು ಈ ಹತ್ತು ನಿಮಿಷಕ್ಕೆ. ರಾತ್ರಿಯಿಡೀ ಇಟ್ಟ ಟ್ರೇ ಬೆಳಿಗ್ಗೆ ಹೊರಬಂದಾಗ ಬೆವರದೆ ಇರುವುದಿಲ್ಲ.

ಕರಗಿಸುವಾಗಲೇ ಗಂಟುಕಟ್ಟಿದರೆ

ಇಲ್ಲೂ ಅದೇ ಪ್ರಶ್ನೆ. ನಯವಾಗಿ ಕರಗುತ್ತಿದ್ದ ಚಾಕೊಲೇಟ್ ಒಮ್ಮೆಲೇ ಬಿಗಿದುಕೊಂಡು ಚಪಾತಿ ಹಿಟ್ಟಿನಂತೆ ಸೌಟಿಗೆ ಸುತ್ತಿಕೊಂಡರೆ, ಪರಿಮಳ ಮಾತ್ರ ಹಾಗೆಯೇ ಇದ್ದರೆ, ಅದು ನೀರು. ನಿಧಾನವಾಗಿ ದಪ್ಪಗಾಗುತ್ತಾ, ರವೆರವೆಯಾಗಿ, ಅಂಚಿನಲ್ಲಿ ಎಣ್ಣೆ ಬಿಟ್ಟು, ಸೀದ ಹಾಲಿನ ವಾಸನೆ ಬಂದರೆ ಅದು ಬಿಸಿ. ಹಾಲಿನ ಚಾಕೊಲೇಟೂ ಬಿಳಿಯದೂ 50 ಡಿಗ್ರಿ ಸಮೀಪಿಸಿದರೆ ಕೆಡಲು ತೊಡಗುತ್ತವೆ, ಡಾರ್ಕ್ ಸ್ವಲ್ಪ ಹೆಚ್ಚು ತಾಳುತ್ತದೆ. ಸೀದದ್ದನ್ನು ಉಳಿಸುವ ಉಪಾಯವಿಲ್ಲ.

ನೀರು ಬಿದ್ದದ್ದೆಲ್ಲಿಂದ ಎಂದು ಹುಡುಕುವಾಗ ಒದ್ದೆ ಸೌಟು, ಸರಿಯಾಗಿ ಒರೆಸದ ಪಾತ್ರೆ, ನೀರಿನ ಮೂಲದ ಬಣ್ಣ ಅಥವಾ ಎಸೆನ್ಸ್, ಇವನ್ನೆಲ್ಲ ನೋಡಿದ ಮೇಲೂ ಕಾರಣ ಸಿಗದಿದ್ದರೆ ಹಬೆಯ ಕಡೆ ನೋಡಬೇಕು. ಕೆಳಗಿನ ಪಾತ್ರೆಗಿಂತ ಮೇಲಿನ ಬೋಗುಣಿ ಅಗಲವಾಗಿಲ್ಲದಿದ್ದರೆ ಹಬೆ ಅಂಚಿನಿಂದ ಎದ್ದು ಚಾಕೊಲೇಟಿನೊಳಗೆ ಇಳಿಯುತ್ತದೆ. ನೀರು ಕುದಿದ ಮೇಲೆ ಒಲೆ ಆರಿಸಿ ಬೋಗುಣಿ ಇಟ್ಟರೂ ಹೆಚ್ಚಿದ ಚಾಕೊಲೇಟ್ ಕರಗುತ್ತದೆ, ತಳಕ್ಕೆ ನೀರು ತಾಗಿರಲೂಬಾರದು.

ನಮ್ಮ ಊರಿಗೇ ವಿಶೇಷವಾದ ತಪ್ಪೊಂದಿದೆ. ಚಾಕೊಲೇಟ್ ದಪ್ಪವೆನಿಸಿದ ಕೂಡಲೇ ಬೆಣ್ಣೆ ದೋಸೆಯ ಊರಿನವರ ಕೈ ಬೆಣ್ಣೆ ಡಬ್ಬಿಗೆ ಹೋಗುತ್ತದೆ. ಅಂಗಡಿಯ ಬೆಣ್ಣೆಯಲ್ಲಿ ಶೇಕಡಾ 16ರವರೆಗೂ ನೀರಿರುತ್ತದೆ, ಮನೆಯಲ್ಲಿ ಕಡೆದ ಬೆಣ್ಣೆಯಲ್ಲಿ ಅದಕ್ಕಿಂತ ಹೆಚ್ಚೇ ಇರಬಹುದು, ಒಂದು ಚಮಚ ಹಾಕಿದರೆ ಚಾಕೊಲೇಟ್ ಸಡಿಲವಾಗುವ ಬದಲು ಬಿಗಿದುಕೊಳ್ಳಬಹುದು. ತುಪ್ಪದಲ್ಲಿ ನೀರಿಲ್ಲದಿದ್ದರೂ ಅದು ಬಾರ್ಕನ್ನು ಗಟ್ಟಿಯಾಗಲು ಬಿಡುವುದಿಲ್ಲ. ತೆಳುವಾಗಿಸಲೇಬೇಕಿದ್ದರೆ ಕೋಕೋ ಬೆಣ್ಣೆಯೊಂದೇ ದಾರಿ.

ಒಮ್ಮೆ ನೀರಿನಿಂದ ಬಿಗಿದ ಚಾಕೊಲೇಟ್ ಬಾರ್ಕಾಗಲಾರದು. 50-60 ಗ್ರಾಮಿಗೆ ಒಂದು ದೊಡ್ಡ ಚಮಚದಂತೆ ಕುದಿನೀರನ್ನೋ ಬಿಸಿ ಕೆನೆಯನ್ನೋ ಧೈರ್ಯವಾಗಿ ಸೇರಿಸಿ ಕದಡಿದರೆ ಮತ್ತೆ ನಯವಾಗುತ್ತದೆ. ಒಂದು ಹನಿ ನೀರಿಗೆ ಕೆಡುವುದು ಒಂದು ಚಮಚ ನೀರಿಗೆ ಸರಿಹೋಗುವುದು ವಿಚಿತ್ರವೆನಿಸಬಹುದು. ಹನಿ ನೀರು ಸಕ್ಕರೆಯ ಕಣಗಳನ್ನು ಒದ್ದೆ ಮಾಡಿ ಒಂದಕ್ಕೊಂದು ಅಂಟಿಸುವಷ್ಟೇ ಇರುತ್ತದೆ, ಹೆಚ್ಚಿನ ನೀರು ಅವನ್ನು ಕರಗಿಸಿಬಿಡುತ್ತದೆ. ಆ ಸಾಸನ್ನು ಐಸ್‌ಕ್ರೀಮಿನ ಮೇಲೆ ಸುರಿದುಕೊಂಡು, ಬಾರ್ಕಿಗೆ ಬೇರೆ ಗಟ್ಟಿ ಒಡೆಯಬೇಕು.

ಹಣ್ಣು ಮತ್ತು ಬೀಜಗಳು ತರುವ ದೋಷ

ಒಣಹಣ್ಣು ಎಂಬ ಹೆಸರನ್ನು ನಂಬಬಾರದು. ಒಣದ್ರಾಕ್ಷಿಯಲ್ಲಿ ಶೇಕಡಾ 15ರಷ್ಟು ನೀರಿರುತ್ತದೆ, ಒಣ ಅಂಜೂರದಲ್ಲಿ 20ರಿಂದ 30ರಷ್ಟು. ಓಣಿಯ ಹುಡುಗಿಯ ಬಾರ್ಕಿನಲ್ಲಿ ಉಂಗುರ ಎಬ್ಬಿಸಿದ್ದು ಅದೇ ನೀರು. ಅವಳನ್ನು ಕೇಳಿದಾಗ ಅಂಜೂರವನ್ನು ಆಗಲೇ ಹೆಚ್ಚಿ ಆಗಲೇ ಹಾಕಿದ್ದಾಗಿ ಹೇಳಿದಳು. ಹೆಚ್ಚಿದಾಗ ಒಳಗಿನ ಹಸಿ ಮೈ ತೆರೆದುಕೊಳ್ಳುತ್ತದೆ. ಹಿಂದಿನ ರಾತ್ರಿಯೇ ಹೆಚ್ಚಿ, ತಟ್ಟೆಯಲ್ಲಿ ಬಿಡಿಬಿಡಿಯಾಗಿ ಹರಡಿ, ಫ್ಯಾನಿನ ಕೆಳಗೆ ಬಿಟ್ಟು, ಬೆಳಿಗ್ಗೆ ಮುಟ್ಟಿದರೆ ಕೈಗೆ ಅಂಟದಂತಾದ ಮೇಲೆ ಹಾಕಬೇಕು. ಮಳೆಗಾಲದಲ್ಲಿ ಫ್ಯಾನಿನ ಗಾಳಿಗೂ ಅದು ಒಣಗದು. ಆಗ ಅಂಜೂರ, ಖರ್ಜೂರ ಬಿಟ್ಟು ದ್ರಾಕ್ಷಿಯನ್ನು ಹಾಕುತ್ತೇನೆ. ದ್ರಾಕ್ಷಿಯನ್ನು ತೊಳೆಯುವ ಅಭ್ಯಾಸ ನಮ್ಮ ಮನೆಗಳಲ್ಲಿದೆ. ತೊಳೆದರೆ ಒಂದು ದಿನದ ಬಿಸಿಲು ಬೇಕು, ಅದಿಲ್ಲವಾದರೆ ಒಣ ಬಟ್ಟೆಯಲ್ಲಿ ಉಜ್ಜಿ ಒರೆಸುವುದೇ ಲೇಸು. ಟೂಟಿ ಫ್ರೂಟಿಯನ್ನು ಸಕ್ಕರೆ ಪಾಕದಿಂದ ಎತ್ತಿದ್ದು ಎಂಬುದನ್ನು ನೆನಪಿಟ್ಟುಕೊಂಡರೆ ಅದು ಬಾರ್ಕಿಗೆ ಏಕೆ ಸಲ್ಲದೆಂಬುದು ತಾನಾಗಿ ತಿಳಿಯುತ್ತದೆ.

ಬಾದಾಮಿ, ಗೋಡಂಬಿ ಮೆತ್ತಗಾಗಿದ್ದರೆ ಪಕ್ಕದ ಹಣ್ಣನ್ನು ಅನುಮಾನಿಸಬೇಕು. ಹಣ್ಣಿನ ತೇವವನ್ನು ಹುರಿದ ಬೀಜ ಹೀರಿಕೊಳ್ಳುತ್ತದೆ. ಎರಡನ್ನೂ ಒತ್ತೊತ್ತಾಗಿ ಹಾಕದೆ, ಬೀಜಗಳನ್ನು ಚಾಕೊಲೇಟಿನೊಳಗೇ ಕಲಸಿ ಪೂರ್ತಿ ಮುಚ್ಚಿ, ಹಣ್ಣನ್ನು ಮಾತ್ರ ಮೇಲೆ ಉದುರಿಸಿದರೆ ಈ ದೋಷ ಬಹಳ ಕಡಿಮೆಯಾಗುತ್ತದೆ. ದಾವಣಗೆರೆಯವರು ಮಂಡಕ್ಕಿಯನ್ನು ಬಿಟ್ಟಾರೆಯೇ, ಅದನ್ನೂ ಹಾಕಬಹುದೇ ಎಂದು ಕೇಳುತ್ತಾರೆ. ಬಾಣಲೆಯಲ್ಲಿ ಗರಿಗರಿಯಾಗುವಂತೆ ಬೆಚ್ಚಗೆ ಮಾಡಿ, ಆರಿಸಿ, ಚಾಕೊಲೇಟಿನಲ್ಲಿ ಪೂರ್ತಿ ಅದ್ದಿದರೆ ಮಂಡಕ್ಕಿ ಚೆನ್ನಾಗಿಯೇ ನಿಲ್ಲುತ್ತದೆ, ಒಗ್ಗರಣೆ ಹಾಕಿದ್ದಾಗಿರಬಾರದು ಅಷ್ಟೇ.

ಬೀಜದ ಸುತ್ತ ಸುರಿದ ದಿನವೇ ಮಂಕು ವೃತ್ತ ಕಂಡರೆ ಅದು ಬಿಸಿ ಬೀಜ ಹಾಕಿದ್ದರ ಗುರುತು. ಹುರಿದ ಶೇಂಗಾ ಮೇಲೆ ತಣ್ಣಗಾದಂತೆ ಕಂಡರೂ ಒಳಗೆ ಬಿಸಿ ಉಳಿಸಿಕೊಂಡಿರುತ್ತದೆ, ಕನಿಷ್ಠ ಒಂದು ಗಂಟೆ ಆರಬೇಕು. ಫ್ರಿಜ್ಜಿನಿಂದ ತೆಗೆದ ಬೀಜವೂ ಬೇಡ, ಅದು ಮೈಮೇಲೆ ತೇವ ಹೊತ್ತು ಬರುತ್ತದೆ. ಶೇಂಗಾ ನಮ್ಮ ಸೀಮೆಯ ಬೆಳೆ, ಪಕ್ಕದ ಚಳ್ಳಕೆರೆ ಶೇಂಗಾ ಎಣ್ಣೆ ಗಿರಣಿಗಳಿಗೇ ಹೆಸರಾದ ಊರು, ಆದ್ದರಿಂದ ಹೊಸ ಶೇಂಗಾ ಸಿಗುವುದು ಕಷ್ಟವಲ್ಲ. ಹಳೆಯದನ್ನು ಚಾಕೊಲೇಟ್ ಮುಚ್ಚಿಹಾಕುತ್ತದೆ ಎಂದು ಭಾವಿಸಬಾರದು. ಕಮಟು ವಾಸನೆ ಒಂದು ವಾರದಲ್ಲಿ ಇಡೀ ಡಬ್ಬಿಗೆ ಹರಡುತ್ತದೆ. ಸುಕ್ಕುಗಟ್ಟಿದ, ಬಣ್ಣ ಮಾಸಿದ, ಕಹಿಯಾದ ಕಾಳುಗಳನ್ನು ಹುರಿಯುವ ಮೊದಲೇ ಆರಿಸಿ ಎಸೆಯಬೇಕು. ಅವುಗಳಲ್ಲಿ ಬೂಷ್ಟಿನ ಅಫ್ಲಾಟಾಕ್ಸಿನ್ ಎಂಬ ವಿಷವಿರುವ ಸಂಭವವಿದ್ದು, ಹುರಿದರೂ ಅದು ಪೂರ್ತಿ ಹೋಗುವುದಿಲ್ಲ.

ಮುರಿಯುವಾಗ ಬೀಜ ಉದುರಿ ಬೀಳುತ್ತಿದ್ದರೆ ನೀವು ತಡವಾಗಿ ಉದುರಿಸಿದ್ದೀರಿ. ಸುರಿದ ಎರಡು ಮೂರು ನಿಮಿಷದೊಳಗೆ ಹಾಕಿ ಅಂಗೈಯಿಂದ ಹಗುರವಾಗಿ ಒತ್ತಬೇಕು. ಎಣ್ಣೆಯಲ್ಲಿ ಕರಿದ ಗೋಡಂಬಿ ಎಷ್ಟು ಒತ್ತಿದರೂ ಹಿಡಿಯುವುದಿಲ್ಲ. ಡಾರ್ಕ್ ಮೇಲೆ ಬಿಳಿಯ ಪದರ ಹಾಕಿದಾಗ ಎರಡೂ ಬೇರೆ ಬೇರೆಯಾಗಿ ಎದ್ದರೆ, ಕೆಳಗಿನದು ಪೂರ್ತಿ ಗಟ್ಟಿಯಾಗಿ ಕುಗ್ಗಿದ ಮೇಲೆ ಮೇಲಿನದನ್ನು ಸುರಿದಿದ್ದೀರಿ ಎಂದರ್ಥ. ಬೆರಳು ತಾಕಿಸಿದರೆ ಗುರುತು ಬೀಳುವ, ಆದರೆ ಮೆತ್ತದ ಹಂತದಲ್ಲಿ ಸುರಿಯಬೇಕು.

ಮಾಡಿದ ಮೇಲೆ ಕೆಡುವುದು

ಚಾಕೊಲೇಟಿಗೆ ಹೇಳಿದ ಜಾಗ 15-18 ಡಿಗ್ರಿಯದು. ಹವಾನಿಯಂತ್ರಣವಿಲ್ಲದ ದಾವಣಗೆರೆಯ ಮನೆಯಲ್ಲಿ ಬೇಸಿಗೆಯಲ್ಲಿ ಅಂಥ ಜಾಗ ಇಲ್ಲ, ಫ್ರಿಜ್ಜೇ ಗತಿ. ಹಾಗಾದರೆ ಇಬ್ಬನಿಯ ಗತಿಯೇನು? ಬಾರ್ಕನ್ನು ಬಟರ್ ಪೇಪರಿನಲ್ಲಿ ಸುತ್ತಿ, ಗಾಳಿಯಾಡದ ಡಬ್ಬಿಯಲ್ಲಿ ಹಾಕಿ, ಡಬ್ಬಿಯನ್ನು ಫ್ರಿಜ್ಜಿನಲ್ಲಿಡಬೇಕು. ಇಂಗಿನ ಡಬ್ಬಿಯ ಪಕ್ಕದಲ್ಲಿ, ಹೆಚ್ಚಿಟ್ಟ ಈರುಳ್ಳಿಯ ಪಕ್ಕದಲ್ಲಿ ಇಡಬಾರದು, ಕೊಬ್ಬು ವಾಸನೆಯನ್ನು ಎಳೆದುಕೊಳ್ಳುತ್ತದೆ. ತಿನ್ನುವಾಗ ಡಬ್ಬಿಯನ್ನು ಹೊರತೆಗೆದು, ಮುಚ್ಚಳ ತೆರೆಯದೆ ಒಂದು ಗಂಟೆ ಬಿಡಬೇಕು. ಆಗ ಇಬ್ಬನಿ ಡಬ್ಬಿಯ ಹೊರಮೈಗೆ ಕೂರುತ್ತದೆ, ಬಾರ್ಕಿಗಲ್ಲ. ಬೇಸಿಗೆಯ ಮಧ್ಯಾಹ್ನ ಹೊರಗೆ ಹೆಚ್ಚು ಹೊತ್ತು ಇಟ್ಟರೆ ಮೆತ್ತಗಾಗುವುದರಿಂದ, ಆ ದಿನಗಳಲ್ಲಿ ಬಾರ್ಕನ್ನು ಬೆಳಿಗ್ಗೆಯೋ ರಾತ್ರಿ ಊಟದ ನಂತರವೋ ತೆಗೆಯುವುದು ವಾಸಿ.

ಚಿತ್ರದುರ್ಗದಲ್ಲಿರುವ ನಮ್ಮ ಚಿಕ್ಕಮ್ಮನಿಗೆ ಒಮ್ಮೆ ಮಧ್ಯಾಹ್ನದ ಬಸ್ಸಿನಲ್ಲಿ ಕಳುಹಿಸಿದ್ದೆ. ಸುಮಾರು 60 ಕಿಲೋಮೀಟರ್ ದಾರಿ, ಡಬ್ಬಿ ಬಿಸಿಲು ಬೀಳುವ ಕಿಟಕಿಯ ಪಕ್ಕದಲ್ಲಿತ್ತು. ತಲುಪಿದ್ದು ಬಾರ್ಕಲ್ಲ, ದ್ರಾಕ್ಷಿ ಮುಳುಗಿದ ಒಂದೇ ಗಟ್ಟಿ. ಮರುಸಲ ಮುಂಜಾನೆಯ ಮೊದಲ ಬಸ್ಸಿಗೆ, ತಣ್ಣಗಿನ ಡಬ್ಬಿಯನ್ನು ದಪ್ಪ ಟವೆಲಿನಲ್ಲಿ ಸುತ್ತಿ ಕಳುಹಿಸಿದೆ, ಒಂದು ತುಂಡೂ ಕರಗದೆ ತಲುಪಿತು. ಆದರೆ ಚಿಕ್ಕಮ್ಮ ಆ ಸಂತೋಷದಲ್ಲಿ ಅಲ್ಲೇ ಮುಚ್ಚಳ ತೆಗೆದು ಎಲ್ಲರಿಗೂ ತೋರಿಸಿದರಂತೆ. ಮಾರನೆಯ ದಿನ ಫೋನ್ ಮಾಡಿ, "ರುಚಿ ಚೆನ್ನಾಗೈತೆ ಕಣಮ್ಮ, ಮೇಲೇನೋ ಬಿಳೀದು ಬಂದೈತಲ್ಲ" ಎಂದರು. ಅಂದಿನಿಂದ ಬಿಳಿ ಕಾಗದದ ಚೀಟಿಯೊಂದನ್ನು ಮುಚ್ಚಳಕ್ಕೇ ಅಂಟಿಸುತ್ತೇನೆ: ತಲುಪಿದ ಮೇಲೆ ಒಂದು ಗಂಟೆ ತೆಗೆಯಬೇಡಿ.